ಬಣ್ಣದ ಸೀರೆಯ ದಿನ

ನನ್ನ ನೀಲಕ್ಕನಿಗೆ,

ನಿನ್ನೆ ಮಧ್ಯಾಹ್ನ ನೀವು ಬಂದಿದ್ದಿರಿ. ಊಟ ಮುಗಿಸಿ ಹಾಲ್‌ನಲ್ಲಿ ಚಾಪೆ ಹಾಸಿಕೊಂಡು ಹಾಗೇ ಒರಗಿದ್ದೆ. ಕಿಟಕಿಯ ಪರದೆ ಗಾಳಿಗೆ ಉಬ್ಬುತ್ತಿತ್ತು, ಇಳಿಯುತ್ತಿತ್ತು. ನಮ್ಮ ಬಸವೇಶ್ವರನಗರದ ಬೀದಿ ಎರಡರಿಂದ ನಾಲ್ಕು ಗಂಟೆಯವರೆಗೆ ಇಷ್ಟು ಸುಮ್ಮನಿರುತ್ತದೆ ಅನ್ನುವುದೇ ನನಗೆ ಗೊತ್ತಿರಲಿಲ್ಲ. ಇಷ್ಟು ವರ್ಷ ಆ ಹೊತ್ತಿಗೆ ಯಾವತ್ತಾದರೂ ಮನೆಯಲ್ಲಿ ಇದ್ದರೆ ತಾನೆ? ಕಣ್ಣು ಮುಚ್ಚಿದ್ದೆನೋ ಬಿಟ್ಟಿದ್ದೆನೋ, ನೀವು ಬಾಗಿಲ ಹತ್ತಿರ ನಿಂತು ಕೈ ತೊಳೆಯುತ್ತಿದ್ದಿರಿ. ಬಾಗಿಲ ಹತ್ತಿರ ನಲ್ಲಿ ಎಲ್ಲಿಂದ ಬಂತು ಅಂತ ಕನಸನ್ನು ಯಾರು ಕೇಳುತ್ತಾರೆ. ಮೊಣಕೈವರೆಗೆ ಸೋಪು ಹಚ್ಚಿ, ಬೆರಳ ಸಂದಿಗಳನ್ನು ಒಂದೊಂದಾಗಿ ಉಜ್ಜಿ, ಎರಡೂ ಕೈ ಮೇಲೆತ್ತಿ, ನೀರು ಮೊಣಕೈಯಿಂದ ತೊಟ್ಟಿಕ್ಕುವುದನ್ನು ನೋಡುತ್ತ ನಿಂತಿರಿ. ಆಮೇಲೆ ನನ್ನ ಕಡೆ ತಿರುಗಿ, "ರಿಜಿಸ್ಟರ್ ಬರದಿ ಏನವಾ?" ಅಂತ ಕೇಳಿದಿರಿ.

ಬರೆದೆ ಅಕ್ಕ, ಅಂತ ಹೇಳುವಷ್ಟರಲ್ಲಿ ಎಚ್ಚರವಾಯಿತು. ಬಾಗಿಲ ಹತ್ತಿರ ಒಣಗಿಯೇ ಇತ್ತು. ನಾನು ಎದ್ದು ಹೋಗಿ ನೆಲ ಮುಟ್ಟಿ ನೋಡಿದೆ ಅಂದರೆ ನಗಬೇಡಿ. ನಿಮಗೆ ಹೇಳಬೇಕಾದದ್ದು ಬೇಕಾದಷ್ಟಿದೆ, ಅದಕ್ಕೇ ಈ ಕಾಗದ. ಕೆಲಸದ ದಿನ ಭಾಗ್ಯ ಮನೆಯಲ್ಲಿ ಮಲಗಿ ಕನಸು ಕಾಣುತ್ತಿದ್ದಾಳೆ ಅಂದರೆ ನೀವು ನಂಬುವುದಿಲ್ಲ. ಯಾಕೆ ಅನ್ನುವುದನ್ನು ಕೊನೆಯಲ್ಲಿ ಹೇಳುತ್ತೇನೆ. ಈಗಲೇ ಹೇಳಿದರೆ ಬೈಯುತ್ತೀರಿ.

ನಾನು ಮೊದಲ ದಿನ ನಿಮ್ಮೆದುರು ಬಂದು ನಿಂತದ್ದು ನೆನಪಿದೆಯಾ? ಸರ್ಕಾರಿ ಕೆಲಸ ಸಿಕ್ಕ ಜಂಭ, ಗರಿಗರಿ ಇಸ್ತ್ರಿಯ ಬಿಳಿ ಯೂನಿಫಾರ್ಮು, ಕೈಯಲ್ಲಿ ಕಾಯಂ ನೇಮಕಾತಿಯ ಆದೇಶ. ಮಾಗಡಿ ರಸ್ತೆಯಿಂದ ಒಳಗೆ ತಿರುಗಿದರೆ ಸಿಗುವ ಆ ಸಣ್ಣ ಹೆರಿಗೆ ಆಸ್ಪತ್ರೆಯನ್ನು ನೋಡಿ, ಇಷ್ಟೇನಾ ಅಂತ ಮೂಗು ಮುರಿದಿದ್ದೆ. ಅರ್ಧ ಗಂಟೆಯಲ್ಲಿ ಜಂಭವೆಲ್ಲ ಇಳಿಯಿತು. ಮಂಚದ ಮೇಲೆ ಹೆಂಗಸು, ಮಗುವಿನ ತಲೆ ಕಾಣಿಸಿಕೊಂಡಿದೆ, ನಾನು ಓದಿದ್ದನ್ನೆಲ್ಲ ಮರೆತು ಆ ತಲೆ ಹಿಡಿದು ಎಳೆಯಲು ಹೋದೆ. ನೀವು ಹಿಂದಿನಿಂದ ಬಂದು ನನ್ನ ಕೈಗಳ ಮೇಲೆ ನಿಮ್ಮ ಕೈಗಳನ್ನು ಇಟ್ಟಿರಿ. "ಎಳೀಬ್ಯಾಡ ತಂಗಿ. ಅದು ಬರಾಕತ್ತೈತಿ. ನೀ ಬರೇ ಹಿಡಕೋ." ಬಾಗಲಕೋಟೆ ಕಡೆಯ ಆ ಮಾತು ಅರ್ಥವಾಗುವುದಕ್ಕೆ ಮೊದಲೇ ನನ್ನ ಕೈಗೆ ಅರ್ಥವಾಗಿತ್ತು. ಮಗು ಅತ್ತಿತು, ನಾನೂ ಅತ್ತೆ. ನೀವು ಮಗುವನ್ನು ಒರೆಸುತ್ತ, ಅಳಬೇಕಾದ್ದು ಇದು, ನೀನ್ಯಾಕೆ ಅಳುತ್ತೀ ಅಂತ ನನ್ನನ್ನೇ ಗದರಿದಿರಿ. ಆಗ ನೀವು ಅಲ್ಲಿಗೆ ಬಂದು ಎಂಟು ವರ್ಷ ದಾಟಿತ್ತಂತೆ.

ಮೊದಲ ಸಂಬಳದ ದಿನದ್ದು ನೆನೆಸಿಕೊಂಡರೆ ಈಗಲೂ ಕಿವಿ ಬಿಸಿಯಾಗುತ್ತದೆ. ಇಬ್ಬರೂ ಹತ್ತಿಯ ಉಂಡೆ ಮಾಡುತ್ತ ಕೂತಿದ್ದೆವು. ನನ್ನ ಫೋನಿಗೆ ಬ್ಯಾಂಕಿನ ಮೆಸೇಜು ಬಂತು. ನಾನು ಪೆದ್ದಿಯ ಹಾಗೆ "ನಿಮ್ದೂ ಬಂತಾ ಅಕ್ಕ?" ಅಂದೆ. ನೀವು ಉಂಡೆ ಕಟ್ಟುತ್ತಲೇ, ನಮ್ಮದು ಹಾಗಲ್ಲ, ಬಂದಾಗ ಬರುತ್ತದೆ ಅಂದಿರಿ. ನೀವು ಗುತ್ತಿಗೆಯ ನರ್ಸು, ನಿಮ್ಮ ಸಂಬಳ ನನ್ನದರ ಅರ್ಧವೂ ಇಲ್ಲ ಅಂತ ನನಗೆ ಹೇಳಿದ್ದು ನಮ್ಮ ಆಯಾ. ನನಗೆ ಕೋಪ ಮೂಗಿನ ತುದಿಯಲ್ಲೇ ಇರುತ್ತದೆ ಅಂತ ನೀವೇ ಹೇಳುತ್ತಿದ್ದಿರಲ್ಲ, ಎದ್ದು ಆಫೀಸಿಗೆ ಹೊರಟಿದ್ದೆ. ಒಂದೇ ಮಂಚ, ಒಂದೇ ಕತ್ತರಿ, ಒಂದೇ ರಕ್ತ, ಮತ್ತೆ ಇದೆಂಥ ಲೆಕ್ಕ ಅಂತ ಕೇಳುವವಳಿದ್ದೆ. ನೀವು ನನ್ನ ತೋಳು ಹಿಡಿದು ಕೂರಿಸಿದಿರಿ. "ಇದು ನಿನ್ನ ತಪ್ಪಲ್ಲ ಬಿಡವಾ. ಕುಂಡ್ರು, ಹತ್ತಿ ಮುಗಸೂಣ." ನಾನು ಕೂತೆ. ಕೂತೇಬಿಟ್ಟೆ ಅಕ್ಕ. ಎಷ್ಟೋ ವರ್ಷ ಹಾಗೇ ಕೂತಿದ್ದೆ.

ನಿಮ್ಮ ಬಣ್ಣದ ಸೀರೆಯ ದಿನ ಮೊದಲ ಸಲ ಬಂದಾಗ ನನಗೆ ತಲೆಬುಡ ತಿಳಿಯಲಿಲ್ಲ. ಬೆಳಗ್ಗೆ ವಾರ್ಡಿಗೆ ಬಂದರೆ ನೀವು ಯೂನಿಫಾರ್ಮು ಇಲ್ಲದೆ, ಹಸಿರು ಇಳಕಲ್ ಸೀರೆಯುಟ್ಟು, ಕೆಂಪು ಸೆರಗು ಹೊದ್ದು, ಲೇಬರ್ ರೂಮಿನ ಹೊರಗಿನ ಬೆಂಚಿನಲ್ಲಿ ಬಸುರಿಯರ ಅತ್ತೆ ಅಮ್ಮಂದಿರ ನಡುವೆ ಕೂತಿದ್ದೀರಿ. ಯಾವುದೋ ಮದುವೆಗೆ ಹೊರಟಿದ್ದೀರಿ ಅಂದುಕೊಂಡೆ. ಹನ್ನೊಂದು ತಿಂಗಳು ತುಂಬಿದ ಮೇಲೆ ಒಂದು ದಿನ ನಿಮ್ಮ ಹೆಸರನ್ನು ಪಟ್ಟಿಯಿಂದ ತೆಗೆಯುತ್ತಾರೆ, ಮರುದಿನ ಹೊಸದಾಗಿ ಸೇರಿಸಿಕೊಳ್ಳುತ್ತಾರೆ, ಆ ಒಂದು ದಿನ ನೀವು ಆಸ್ಪತ್ರೆಯವರಲ್ಲ ಅಂತ ಆಮೇಲೆ ತಿಳಿಯಿತು. ಮನೆಯಲ್ಲಿ ಕಾಲು ಚಾಚಿ ಮಲಗುವುದು ಬಿಟ್ಟು ಯಾಕೆ ಬಂದಿರಿ ಅಂದರೆ, "ಮನ್ಯಾಗ ಕುಂತರ ನಾಳೆ ನನ್ನ ಕುರ್ಚಿ ಇರತೈತೋ ಇಲ್ಲೋ. ಮತ್ತ ನೀ ಒಬ್ಬಾಕಿ ಏನ್ ಮಾಡ್ತಿ?" ಅಂದಿರಿ. ಪಕ್ಕದ ಮುದುಕಿ ನಿಮ್ಮನ್ನು "ನೀವು ಯಾರ ಕಡೆಯವರಮ್ಮ?" ಅಂತ ಕೇಳಿದಳು. ನೀವು ನನ್ನತ್ತ ಗಲ್ಲ ಎತ್ತಿ ತೋರಿಸಿ, ಅವಳ ಕಡೆಯವಳು ಅಂದಿರಿ. ಮುದುಕಿ ನನ್ನ ಹೊಟ್ಟೆ ನೋಡಿದಳು. ಎಷ್ಟು ನಕ್ಕೆವು ಅವತ್ತು!

ಆಮೇಲೆ ಅದೇ ರೂಢಿಯಾಯಿತು. ಬಣ್ಣದ ಸೀರೆಯ ದಿನ ನೀವು ಬೆಂಚಿನಲ್ಲಿ ಕೂರುವುದು, ಕಷ್ಟದ್ದೇನಾದರೂ ಬಂದರೆ ನಾನು ಬಾಗಿಲಿಂದ ತಲೆ ಹಾಕಿ ಕಣ್ಣು ಮಾಡುವುದು, ನೀವು ಸೆರಗು ಸೊಂಟಕ್ಕೆ ಸಿಕ್ಕಿಸಿ ಕೈ ತೊಳೆಯುವುದು. ಕೆಲಸ ಮುಗಿದ ಮೇಲೆ ರಿಜಿಸ್ಟರಿನ "ಹೆರಿಗೆ ಮಾಡಿಸಿದವರು" ಅನ್ನುವ ಕಾಲಮ್ಮಿನಲ್ಲಿ ನಾನು ಸಹಿ ಮಾಡುವುದು. ಪಟ್ಟಿಯಲ್ಲಿ ಇಲ್ಲದವರ ಹೆಸರು ಬರೆದರೆ ಇಬ್ಬರಿಗೂ ತೊಂದರೆ ಅಂತ ನೀವೇ ಹೇಳಿದ್ದಿರಿ. ನಮಗೆ ಅದು ಸುಳ್ಳು ಅನ್ನಿಸಲೇ ಇಲ್ಲ ಅಲ್ಲವಾ? ಬುತ್ತಿ ಹಂಚಿಕೊಂಡಷ್ಟೇ ಸಲೀಸಾಗಿ ಹೆಸರನ್ನೂ ಹಂಚಿಕೊಂಡೆವು.

ಪುಷ್ಪಾಳ ಹೆರಿಗೆಯೂ ನಿಮ್ಮ ಬಣ್ಣದ ಸೀರೆಯ ದಿನವೇ ಬಂತು. ಕಾಮಾಕ್ಷಿಪಾಳ್ಯದ ಗಾರ್ಮೆಂಟ್ಸ್ ಹುಡುಗಿ, ಚೊಚ್ಚಲು, ಮಗು ದಪ್ಪ. ದೊಡ್ಡ ಡಾಕ್ಟರು ಮೀಟಿಂಗಿಗೆ ಹೋಗಿದ್ದರು. ತಲೆ ಹೊರಗೆ ಬಂತು, ಭುಜ ಸಿಕ್ಕಿಕೊಂಡಿತು. ಮಗುವಿನ ಮುಖ ನನ್ನ ಕಣ್ಣೆದುರೇ ನೀಲಿಗೆ ತಿರುಗುತ್ತಿತ್ತು. ನಾನು ನಿಮ್ಮ ಹೆಸರು ಕೂಗಿದೆ ಅಂತಾರೆ, ನನಗೆ ಕೂಗಿದ್ದು ನೆನಪಿಲ್ಲ. ಹಸಿರು ಸೀರೆ ಒಳಗೆ ಬಂದದ್ದು ಮಾತ್ರ ಗೊತ್ತು. ನೀವು ಆಯಾಗೆ ಪುಷ್ಪಾಳ ಕಾಲುಗಳನ್ನು ಮಡಚಿ ಎದೆಯ ಕಡೆಗೆ ಒತ್ತಲು ಹೇಳಿದಿರಿ, ನನ್ನ ಅಂಗೈಯನ್ನು ಅವಳ ಕಿಬ್ಬೊಟ್ಟೆಯ ಮೇಲೆ ಇಟ್ಟು ಎಲ್ಲಿ ಅದುಮಬೇಕು ಅಂತ ತೋರಿಸಿದಿರಿ, ನೀವು ಮಗುವನ್ನು ಹಿಡಿದಿರಿ. ಎಳೆಯಲಿಲ್ಲ. ಏನೋ ಮಾತಾಡುತ್ತಿದ್ದಿರಿ, ಮಗುವಿನ ಹತ್ತಿರವೋ, ತಾಯಿಯ ಹತ್ತಿರವೋ. ಆಮೇಲೆ ಅದು ಜಾರಿ ನಿಮ್ಮ ಕೈಗೆ ಬಂತು, ಹೆಣ್ಣು ಕೂಸು. ಅತ್ತಿತು. ನಾನು ಸಹಿ ಮಾಡಿದೆ.

ಅದೇ ವರ್ಷ ದಾದಿಯರ ದಿನ ನನ್ನನ್ನು ಸ್ಟೇಜಿಗೆ ಕರೆದು ಶಾಲು ಹೊದಿಸಿದರಲ್ಲ, ನೀವು ಮೂರನೇ ಸಾಲಿನಲ್ಲಿ ಕೂತು ಚಪ್ಪಾಳೆ ತಟ್ಟುತ್ತಿದ್ದಿರಿ. ಕಷ್ಟದ ಹೆರಿಗೆಯನ್ನು ಒಬ್ಬರೇ ಧೈರ್ಯದಿಂದ ನಿಭಾಯಿಸಿದ ಭಾಗ್ಯ ಸಿಸ್ಟರ್ ಅಂತ ಮೈಕಿನಲ್ಲಿ ಹೇಳಿದರು. ಒಂದು ಪ್ರಶಂಸಾ ಪತ್ರವನ್ನೂ ಕೊಟ್ಟರು. ಬೇಡ ಅನ್ನಬಹುದಿತ್ತು. ಅನ್ನಲಿಲ್ಲ. ಫೋಟೋಗೆ ನಕ್ಕೆ ಬೇರೆ. ಇಳಿದು ಬಂದು ನಿಮ್ಮ ಪಕ್ಕ ಕೂತಾಗ ನೀವು ಶಾಲಿನ ಅಂಚು ಮುಟ್ಟಿ ನೋಡಿ, ಬಟ್ಟೆ ಚೆನ್ನಾಗಿದೆ ಅಂದಿರಿ. ನಿಮಗೆ ಒಂಚೂರಾದರೂ ಹೊಟ್ಟೆ ಉರಿಯಲಿಲ್ಲವಾ? ಉರಿದಿದ್ದರೆ ನನಗೆ ಒಳ್ಳೆಯದಾಗುತ್ತಿತ್ತು.

ಕಾಮಾಕ್ಷಿಪಾಳ್ಯದಲ್ಲಿ ನಿಮ್ಮ ಮೊದಲ ಸಭೆ ಸೇರಿದ ಭಾನುವಾರ ನಾನೂ ಬಂದಿದ್ದೆ, ಸುಮ್ಮನೆ, ನಿಮ್ಮ ಜೊತೆಗೆ. ಟೈಲರ್ ಅಂಗಡಿಯ ಮಹಡಿ, ಕೆಳಗೆ ಹೊಲಿಗೆ ಮೆಷಿನ್ನುಗಳ ಗರಗರ, ಮೇಲೆ ನಾಲ್ಕಾರು ಆಸ್ಪತ್ರೆಗಳ ಗುತ್ತಿಗೆ ನರ್ಸುಗಳು, ನೆಲದ ಮೇಲೆಲ್ಲ ಬಣ್ಣಬಣ್ಣದ ಬಟ್ಟೆ ಚೂರು. ಎಲ್ಲರೂ ಒಟ್ಟಿಗೆ ಮಾತಾಡುತ್ತಿದ್ದರು. ನೀವು ಎದ್ದು ನಿಂತು ಹೇಳಿದ್ದು ಎರಡೇ ಮಾತು. "ನಾವು ದಾನ ಕೇಳಾಕತ್ತಿಲ್ಲ. ಅದೇ ಕೆಲಸಕ್ಕ ಅದೇ ಪಗಾರ ಕೇಳಾಕತ್ತೀವಿ." ಅಷ್ಟು ಮೆತ್ತಗೆ ಹೇಳಿದಿರಿ ಅಂದರೆ ಹಿಂದೆ ಕೂತವರು ಇನ್ನೊಂದು ಸಲ ಹೇಳಿ ಅಂದರು. ನೀವು ಇನ್ನೊಂದು ಸಲ, ಅಷ್ಟೇ ಮೆತ್ತಗೆ, ಹೇಳಿದಿರಿ. ಕೋರ್ಟಿಗೆ ಹಾಕಿದ ಅರ್ಜಿಯಲ್ಲಿ ಮೊದಲ ಹೆಸರು ನಿಮ್ಮದಾಯಿತು, ನಮ್ಮ ಆಸ್ಪತ್ರೆಯಿಂದ ಎರಡನೆಯದು ಆಗಷ್ಟೇ ಸೇರಿದ್ದ ರೇಖಾಳದು.

ಆಫೀಸಿನ ಉತ್ತರ ಕೋರ್ಟಿಗೆ ಬಂದಾಗ ನೀವು ಅದನ್ನು ನನಗೆ ಓದಲು ಕೊಟ್ಟಿರಿ. ಇವರದ್ದು ಸತತ ಸೇವೆಯೇ ಅಲ್ಲ, ಹನ್ನೊಂದು ತಿಂಗಳಿಗೊಮ್ಮೆ ಬಿಟ್ಟುಹೋಗಿ ಹೊಸದಾಗಿ ಸೇರಿದವರು, ಕಾಯಂ ದಾದಿಯರ ಜೊತೆ ಹೋಲಿಕೆಯೇ ಸಲ್ಲದು ಅಂತ ಬರೆದಿದ್ದರು. ಅಂಥ ಒಂದು ದಿನ ಇವರಿಲ್ಲದೆಯೇ ಎಂಥ ಕಷ್ಟದ ಹೆರಿಗೆ ಆಗಿದೆ ನೋಡಿ ಅಂತ ಜೊತೆಗೆ ಲಗತ್ತಿಸಿದ್ದು ನನ್ನ ಪ್ರಶಂಸಾ ಪತ್ರದ ನಕಲು. ಅದನ್ನು ಓದಿ ನಾನು ತಲೆ ಎತ್ತಿದಾಗ ನೀವು ಕಿಟಕಿಯ ಹೊರಗೆ ನೋಡುತ್ತಿದ್ದಿರಿ. ಬಣ್ಣದ ಸೀರೆಯ ದಿನವೂ ನೀವು ದುಡಿದಿದ್ದೀರಿ ಅಂತ ಯಾರಾದರೂ ಹೇಳಬೇಕು, ಆಗ ಆ ವಿರಾಮ ಬರೀ ನಾಟಕ ಅಂತ ಗೊತ್ತಾಗುತ್ತದೆ. ಹೇಳಬಲ್ಲವಳು ನಾನೊಬ್ಬಳೇ. ಆಯಾ ಅಷ್ಟರಲ್ಲಿ ಊರಿಗೆ ಹೋಗಿಬಿಟ್ಟಿದ್ದಳು, ಪುಷ್ಪ ಎಲ್ಲಿದ್ದಾಳೆ ಅಂತ ಯಾರಿಗೂ ಗೊತ್ತಿರಲಿಲ್ಲ, ಸಹಿಯಂತೂ ನನ್ನದೇ.

ನಿಮ್ಮ ವಕೀಲರು ಅದನ್ನೇ ಕೇಳಲು ಬಂದರಲ್ಲ, ಬೆಡ್‌ಶೀಟ್ ಇಡುವ ಕೋಣೆಗೆ? ಒಳ್ಳೆಯ ಹೆಂಗಸು. ನಿಂತುಕೊಂಡೇ ಕೇಳಿದರು. ಆಗ ನಮ್ಮ ಮನೆಯವರ ಅಂಗಡಿ ಮುಚ್ಚಿತ್ತು, ಮನೆ ನನ್ನೊಬ್ಬಳ ಮೇಲೆ ನಿಂತಿತ್ತು, ಬಡ್ತಿಯ ಪಟ್ಟಿಯಲ್ಲಿ ನನ್ನ ಹೆಸರಿತ್ತು. ಸುಳ್ಳು ಸಹಿ ಅಂತ ನಾನೇ ಒಪ್ಪಿಕೊಂಡರೆ ಏನಾಗುತ್ತದೆ ಅಂತ ಲೆಕ್ಕ ಹಾಕುವುದಕ್ಕೆ ಅರೆಕ್ಷಣವೂ ಬೇಕಾಗಲಿಲ್ಲ. "ತುಂಬಾ ಹಿಂದಿಂದು ಮೇಡಂ, ನೆನಪಿಲ್ಲ" ಅಂದೆ. ನೀವು ಅಲ್ಲೇ ಬೆಡ್‌ಶೀಟ್ ಮಡಚುತ್ತಿದ್ದಿರಿ. ಮೂಲೆಗೆ ಮೂಲೆ ಸೇರಿಸಿ ಮಡಚುವುದನ್ನು ನಿಲ್ಲಿಸಲಿಲ್ಲ. ಮಧ್ಯಾಹ್ನ ಎಂದಿನ ಹಾಗೆ ಡಬ್ಬಿ ತೆರೆದು, ರೊಟ್ಟಿ ಮುರಿದು, ಶೇಂಗಾ ಚಟ್ನಿ ಹಾಕಿ, ಡಬ್ಬಿಯ ಮುಚ್ಚಳದಲ್ಲಿ ನನ್ನ ಪಾಲು ಇಟ್ಟಿರಿ. "ಉಣ್ಣು" ಅಂದಿರಿ. ನಾನು ಉಂಡೆ ಅಕ್ಕ. ಅದೊಂದು ಮಾತನ್ನು ನೀವು ಆಮೇಲೂ ಯಾವತ್ತೂ ಎತ್ತಲಿಲ್ಲ. ಒಂದು ಸಲ ಬೈದುಬಿಟ್ಟಿದ್ದರೆ…

ಸುಂಕದಕಟ್ಟೆಯ ಬಸ್‌ಸ್ಟಾಪಿನಲ್ಲಿ ನೀವು ಕೂತ ಆ ಬೆಳಗ್ಗೆ ನಾನು ಆಸ್ಪತ್ರೆಯಲ್ಲಿ ಗಡಿಯಾರ ನೋಡಿಕೊಂಡು ನಿಮ್ಮನ್ನು ಬೈದುಕೊಳ್ಳುತ್ತಿದ್ದೆ. ಇವತ್ತು ಯಾಕೆ ಇಷ್ಟು ತಡ ಅಂತ. ನಿಮ್ಮ ಬಸ್ಸು ಬಂತಂತೆ, ಹೋಯಿತಂತೆ, ಇನ್ನೊಂದು ಬಂತಂತೆ. ಹೂವು ಮಾರುವವಳು ನೀವು ತೂಕಡಿಸುತ್ತಿದ್ದೀರಿ ಅಂದುಕೊಂಡಳಂತೆ, ತೊಡೆಯ ಮೇಲೆ ಬ್ಯಾಗು, ಬ್ಯಾಗಿನ ಮೇಲೆ ಕೈ. ಎಬ್ಬಿಸುವುದು ಬೇಡ, ಪಾಪ, ದಣಿದಿರಬೇಕು ಅಂದುಕೊಂಡಳಂತೆ. ಎದೆಬಡಿತ ನಿಂತುಹೋಗಿತ್ತು. ನಿಮ್ಮ ಮಗಳು ಸವಿತಾ ಫೋನ್ ಮಾಡಿದಾಗ ನಾನು ಅವಳಿಗೆ, ಅವ್ವನಿಗೆ ಬೇಗ ಬರಲು ಹೇಳು ಅಂದೆ. ಅವಳು ಮಾತಾಡಲು ಬಿಡದೆ ಅದನ್ನೇ ಎರಡು ಸಲ ಹೇಳಿದೆ. ಅವತ್ತು ಸಂಜೆ ಲೇಬರ್ ರೂಮಿನಲ್ಲಿ ನಾವೆಲ್ಲ ಎರಡು ನಿಮಿಷ ಮೌನ ನಿಲ್ಲೋಣ ಅಂತ ನಿಂತೆವು. ಅರ್ಧ ನಿಮಿಷಕ್ಕೆ ಪಕ್ಕದ ಮಂಚದಲ್ಲಿ ಹೆರಿಗೆಯಾಯಿತು. ನಿಮಗೆ ಅದೇ ಇಷ್ಟವಾಗುತ್ತಿತ್ತು ಬಿಡಿ.

ತಿಂಗಳಾದ ಮೇಲೆ ಸವಿತಾ ಒಂದು ಕವರು ಹಿಡಿದು ಬಂದಳು. ಒಳಗೆ ಆ ಹಸಿರು ಸೀರೆ, ಮಡಿಕೆ ಮುರಿಯದ ಹಾಗೆ. "ಅವ್ವ ಇದನ್ನ ಡ್ಯೂಟಿ ಸೀರೆ ಅಂತಿದ್ರು ಆಂಟಿ. ನಮ್ಮನೇಲಿ ಯಾರೂ ಉಡೋ ಹಾಗಿರ್ಲಿಲ್ಲ. ನಿಮ್ಹತ್ರ ಇರ್ಲಿ." ಅವಳಿಗೆ ಎಲ್ಲ ಗೊತ್ತಿತ್ತಾ, ಏನೂ ಗೊತ್ತಿರಲಿಲ್ಲವಾ, ಮುಖ ನೋಡಿ ಹೇಳಲಾಗಲಿಲ್ಲ. ಕಣ್ಣು ಥೇಟ್ ನಿಮ್ಮದೇ. ನಾನು ಸೀರೆಯನ್ನು ಬೀರುವಿನ ಕೆಳಗಿನ ಖಾನೆಯಲ್ಲಿ, ಹಳೆಯ ಬೆಡ್‌ಶೀಟುಗಳ ಅಡಿಯಲ್ಲಿ ಇಟ್ಟೆ. ಆ ಶಾಲೂ ಅಲ್ಲೇ ಇತ್ತು. ಕೇಸು ನಡೆಯುತ್ತಲೇ ಇತ್ತು, ನಿಮ್ಮ ಜಾಗದಲ್ಲಿ ಸವಿತಾ ಸಹಿ ಹಾಕುತ್ತಿದ್ದಳು.

ಒಂದು ಬುಧವಾರ, ಚುಚ್ಚುಮದ್ದಿನ ದಿನ, ಎರಡು ಜಡೆಯ, ಮುಂದಿನ ಹಲ್ಲು ಬಿದ್ದ ಒಂದು ಹುಡುಗಿ ಅಮ್ಮನ ಸೆರಗಿನ ಹಿಂದೆ ಅಡಗಿಕೊಂಡಿದ್ದಳು. ಐದು ವರ್ಷದ ಇಂಜೆಕ್ಷನ್. ಕಾರ್ಡು ನೋಡಿದರೆ ನಮ್ಮಲ್ಲೇ ಹುಟ್ಟಿದ ಮಗು. ದಿನಾಂಕ ನೋಡಿದೆ, ತಾಯಿಯ ಹೆಸರು ನೋಡಿದೆ, ಪುಷ್ಪ. ಭುಜ ಸಿಕ್ಕಿಕೊಂಡ ಮಕ್ಕಳಿಗೆ ಕೆಲವೊಮ್ಮೆ ಒಂದು ಕೈ ಸೋತುಹೋಗುತ್ತದಲ್ಲ, ನನಗೆ ಅದೇ ಯೋಚನೆ. "ಎರಡೂ ಕೈ ಮೇಲೆತ್ತು ಪುಟ್ಟಿ" ಅಂದೆ. ಅವಳು ಎರಡೂ ಕೈ ಮೇಲೆತ್ತಿ, ಬೆರಳು ಬಿಡಿಸಿ ಕುಣಿಸಿದಳು. ನೀವು ಕೈ ತೊಳೆದು ನಿಲ್ಲುತ್ತಿದ್ದ ಹಾಗೇ, ಅಷ್ಟೇ ಮೇಲೆ.

ಪುಷ್ಪ ಆ ಕಡೆ ಈ ಕಡೆ ನೋಡುತ್ತ, "ಅವತ್ತು ಹಸಿರು ಸೀರೆ ಉಟ್ಟಿದ್ರಲ್ಲ ಒಬ್ರು ಅಮ್ಮ, ಅವ್ರು ಇಲ್ಲಿಗೆ ಬರ್ತಾರಾ?" ಅಂತ ಕೇಳಿದಳು. ಅವರು ನರ್ಸು ಕಣಮ್ಮ ಅಂದೆ. ಅವಳು ನಂಬಲಿಲ್ಲ. "ಹೌದಾ ಸಿಸ್ಟರ್? ನಾನು ಇಷ್ಟು ದಿನ ಯಾರೋ ಪೇಷೆಂಟ್ ಕಡೆಯವರು, ಪಾಪ, ಗೊತ್ತಿದ್ದೋರು ಕೈ ಹಾಕಿದ್ರು ಅಂದ್ಕೊಂಡಿದ್ದೆ. ಯಾರ ಕಡೆಯವರು ಅಂತಾನೂ ಕೇಳ್ಲಿಲ್ಲ." ಸಿರಿಂಜು ಹಿಡಿದ ನನ್ನ ಕೈ ನಿಂತೇಹೋಯಿತು. ಆ ಹುಡುಗಿ, ಬೇಗ ಚುಚ್ಚಿ ಆಂಟಿ, ನಂಗೆ ಹೆದರಿಕೆ ಇಲ್ಲ ಅಂತ ನನಗೇ ಧೈರ್ಯ ಹೇಳಬೇಕಾಯಿತು. ನಾಚಿಕೆಯಾಯಿತು ಅಕ್ಕ. ಎಂಥ ನಾಚಿಕೆ ಅಂತೀರಿ. ಅವಳು ಹೆತ್ತ ಮಗುವನ್ನು ಹಿಡಿದವರು ಯಾರು ಅಂತ ಅವಳಿಗೇ ಗೊತ್ತಾಗದ ಹಾಗೆ ನಾನು ನನ್ನ ಹೆಸರು ಬರೆದು ಮುಚ್ಚಿಟ್ಟಿದ್ದೆ.

ಅವತ್ತೇ ಡ್ಯೂಟಿ ಮುಗಿಸಿ ವಕೀಲರಿಗೆ ಫೋನ್ ಮಾಡಿದೆ, ನೆನಪಿದೆ ಮೇಡಂ ಅಂದೆ. ಮನೆಯವರಿಗೆ ಹೇಳಿದೆ. ಅವರು ಎದ್ದು ಇಬ್ಬರಿಗೂ ಕಾಫಿ ಮಾಡಿಕೊಂಡು ಬಂದರು. ಸಕ್ಕರೆ ಹಾಕುವುದನ್ನು ಮರೆತಿದ್ದರು, ನಾನೂ ಹೇಳದೆ ಕುಡಿದೆ. ಕೋರ್ಟಿನ ದಿನ ವಿಜಯನಗರದಲ್ಲಿ ಮೆಟ್ರೋ ಹತ್ತಿದೆ. ಮೇಲಿನಿಂದ ನೋಡಿದರೆ ಮನೆಗಳ ತಾರಸಿಗಳೆಲ್ಲ ಒಂದರ ಪಕ್ಕ ಒಂದು ಹಾಸಿದ ಹಾಗೆ, ನೀರಿನ ಟ್ಯಾಂಕುಗಳು, ಒಣಗಲು ಹಾಕಿದ ಸೀರೆಗಳು. ನನ್ನ ಕಣ್ಣಿಗೋ ಎಲ್ಲವೂ ಹಸಿರು. ಗಾಜಿಗೆ ತಲೆ ಆನಿಸಿದ್ದೆ, ಮಂಪರು ಹತ್ತಿತ್ತೋ ಏನೋ, ಪಕ್ಕದಲ್ಲಿ ನೀವು ಕೂತಿದ್ದೀರಿ, ತೊಡೆಯ ಮೇಲೆ ಬ್ಯಾಗು, ಬ್ಯಾಗಿನ ಮೇಲೆ ಕೈ. ನಿಮ್ಮನ್ನು ಎಬ್ಬಿಸಬೇಕು ಅನ್ನಿಸಿತು. ಅಷ್ಟರಲ್ಲಿ ಇಳಿಯುವ ಸ್ಟೇಷನ್ ಬಂತು.

ಆಫೀಸಿನ ಕಡೆಯ ವಕೀಲರು ರಿಜಿಸ್ಟರನ್ನು ನನ್ನ ಮುಂದೆ ಹಿಡಿದು ಈ ಸಹಿ ನಿಮ್ಮದೇ ಅಲ್ಲವೇ ಅಂದರು. ನನ್ನದೇ ಅಂದೆ. ಹಾಗಾದರೆ ಹೆರಿಗೆ ಮಾಡಿಸಿದವರು ನೀವೇ ಅಂದರು. ಎಷ್ಟು ಜೋರಾಗಿ ಹೇಳಬೇಕು ಅಂತ ಅಭ್ಯಾಸ ಮಾಡಿಕೊಂಡು ಹೋಗಿದ್ದೆ, ಬಾಯಿಂದ ಬಂದದ್ದು ಮಾತ್ರ ನಿಮ್ಮ ಹಾಗೆ ಮೆತ್ತಗೆ. "ಅಲ್ಲ ಸಾರ್. ನೀಲಮ್ಮ ಸಿಸ್ಟರ್ ಮಾಡ್ಸಿದ್ದು. ನಾನು ಸಹಿ ಮಾತ್ರ ಹಾಕಿದ್ದು." ನ್ಯಾಯಾಧೀಶರು ಬರೆಯುವುದನ್ನು ನಿಲ್ಲಿಸಿ, ಅವತ್ತು ಅವರು ಕೆಲಸದಲ್ಲಿ ಇರಲಿಲ್ಲವಲ್ಲ, ಸುಳ್ಳು ಸಹಿ ಹಾಕಿದೆ ಅಂತ ಹೇಳುತ್ತಿದ್ದೀರಿ, ಅದರ ಪರಿಣಾಮ ಗೊತ್ತಿದೆಯಾ ಅಂತ ಕೇಳಿದರು. ಗೊತ್ತಿದೆ ಅಂದೆ. ಪ್ರತಿ ಹನ್ನೊಂದು ತಿಂಗಳಿಗೂ ಅವರು ಬಣ್ಣದ ಸೀರೆ ಉಟ್ಟು ಬೆಂಚಿನ ಮೇಲೆ ಕೂರುತ್ತಿದ್ದರು, ಕರೆದರೆ ಬರುತ್ತಿದ್ದರು ಅಂದೆ. ಪುಷ್ಪಾಳೂ ಬಂದು ಹಸಿರು ಸೀರೆಯ ವಿಷಯ ಹೇಳಿದಳು. ಹೊರಗೆ ಬಂದು ಮೆಟ್ಟಿಲ ಮೇಲೆ ಕೂತೆ. ಸವಿತಾ ಪಕ್ಕ ಬಂದು ಕೂತಳು. ಬ್ಯಾಗಿನಿಂದ ಡಬ್ಬಿ ತೆಗೆದಳು. ರೊಟ್ಟಿ, ಶೇಂಗಾ ಚಟ್ನಿ. ಅವಳು ಮುಚ್ಚಳದಲ್ಲಿ ನನ್ನ ಪಾಲು ಇಟ್ಟಳು ನೋಡಿ, ಅಲ್ಲಿಯವರೆಗೆ ತಡೆದುಕೊಂಡಿದ್ದ ಅಳು ಬಂದೇಬಿಟ್ಟಿತು.

ಈಗ ಸುದ್ದಿ ಕೇಳಿ. ಗೆದ್ದಿರಿ ನೀಲಕ್ಕ. ಹೋದ ತಿಂಗಳು ಆದೇಶ ಬಂತು. ಆ ಒಂದು ದಿನದ ವಿರಾಮ ಬರೀ ಕಾಗದದ ಮೇಲಿನದು, ಅದು ಇಲ್ಲವೆಂದೇ ತಿಳಿಯಬೇಕು, ಸೇರಿದ ಮೊದಲ ದಿನದಿಂದ ಅದೇ ಹುದ್ದೆಯ ಕಾಯಂ ದಾದಿಯರಿಗೆ ಸಮನಾದ ವೇತನ ಕೊಡಬೇಕು ಅಂತ. ನಿಮಗೆ ಸೇರಬೇಕಾದ್ದು ಸವಿತಾಗೆ ಸೇರುತ್ತದೆ. ಆಫೀಸಿನವರು ಮೇಲಿನ ಕೋರ್ಟಿಗೆ ಹೋದರೂ ಹೋಗಬಹುದು, ಹೋಗಲಿ, ನಾವೂ ಹೋಗುತ್ತೇವೆ. ಆದೇಶದಲ್ಲಿ ನಿಮ್ಮ ಹೆಸರು ಮೊದಲು ಇದೆ. ನೀಲಮ್ಮ, ಸ್ಟಾಫ್ ನರ್ಸ್. ರೇಖಾ ಅದನ್ನು ವಾರ್ಡಿನ ಗೋಡೆಗೆ ಅಂಟಿಸಿದ್ದಾಳೆ, ಎದೆಹಾಲಿನ ಮಹತ್ವದ ಪೋಸ್ಟರಿನ ಪಕ್ಕ. ರಿಜಿಸ್ಟರೂ ಕೋರ್ಟಿನಿಂದ ವಾಪಸು ಬಂತು. ದೊಡ್ಡ ಡಾಕ್ಟರು ನನ್ನನ್ನು ಕರೆದು, ತಪ್ಪು ಬರೆದವಳು ನೀನು, ತಿದ್ದುವವಳೂ ನೀನೇ ಅಂದರು. ಒಂದೇ ಗೆರೆ ಎಳೆದು ನನ್ನ ಹೆಸರು ಹೊಡೆದು, ಮೇಲೆ ನಿಮ್ಮ ಹೆಸರು ಬರೆದು, ಡಾಕ್ಟರ ಎದುರು ತಾರೀಕು ಹಾಕಿದೆ. ಕನಸಿನಲ್ಲಿ ಕೇಳಿದಿರಲ್ಲ, ಬರೆದಿದ್ದೇನೆ.

ಇನ್ನು ಬೈಯುವುದಕ್ಕೆ ತಯಾರಾಗಿ. ಸುಳ್ಳು ಸಹಿಗೆ ನನ್ನ ಮೇಲೆ ವಿಚಾರಣೆ ಶುರುವಾಗಿದೆ, ಅದು ಮುಗಿಯುವ ತನಕ ಅಮಾನತು. ಎರಡು ವಾರದಿಂದ ನಾನು ಆಸ್ಪತ್ರೆಯವಳಲ್ಲ. ಹೆದರಿಕೆ ಇಲ್ಲವಾ ಅಂದರೆ ಇದೆ. ಆದರೆ ಮಧ್ಯಾಹ್ನ ಈ ಪರದೆ ಉಬ್ಬಿ ಇಳಿಯುವಾಗ ಒಳ್ಳೆಯ ನಿದ್ದೆ ಬರುತ್ತದೆ, ನೀವೂ ಬರುತ್ತೀರಿ. ಮನೆಯವರು ಒಂದು ಗೋಡೌನಿನಲ್ಲಿ ಕೆಲಸ ಹಿಡಿದಿದ್ದಾರೆ. ಹೇಗೋ ಆಗುತ್ತದೆ ಬಿಡಿ.

ಇವತ್ತು ಬೆಳಗ್ಗೆ ರೇಖಾ ಫೋನ್ ಮಾಡಿದ್ದಳು. ಇವತ್ತಿಗೆ ಅವಳ ಹನ್ನೊಂದು ತಿಂಗಳು ತುಂಬುತ್ತದೆ. ಹಿಂದಿನ ಹಾಗಿದ್ದರೆ ನಾಳೆ ಅವಳ ಬಣ್ಣದ ಸೀರೆಯ ದಿನ. ಬಿಳಿ ಯೂನಿಫಾರ್ಮು ಇಸ್ತ್ರಿ ಮಾಡಿಟ್ಟಿದ್ದೇನೆ ಅಂತ ಹೇಳಿದಳು. ಆಮೇಲೆ, "ಒಂದ್ ಸಲ ಬಂದು ಹೋಗ್ತೀರಾ ಅಕ್ಕ? ಒಳಗೆ ಬರ್ಬೇಡಿ, ಆಚೆ ಕೂತ್ಕೊಳ್ಳಿ ಸಾಕು" ಅಂದಳು. ಅವಳು ಒಬ್ಬಳೇ ಮಾಡುತ್ತಾಳೆ, ಅವಳ ಹೆಸರನ್ನು ಅವಳೇ ಬರೆಯುತ್ತಾಳೆ, ನನ್ನನ್ನು ಕರೆಯುವುದಿಲ್ಲ. ಕರೆಯಬಾರದು ಅಂತ ನಾನೂ ಹೇಳಿದ್ದೇನೆ.

ಬೀರುವಿನ ಕೆಳಗಿನ ಖಾನೆಯಿಂದ ನಿಮ್ಮ ಸೀರೆ ತೆಗೆದಿಟ್ಟಿದ್ದೇನೆ ನೀಲಕ್ಕ. ಬೆಳಗ್ಗೆ ಅದನ್ನು ಉಟ್ಟು, ಕೆಂಪು ಸೆರಗು ಹೊದ್ದು, ಲೇಬರ್ ರೂಮಿನ ಹೊರಗಿನ ಬೆಂಚಿನಲ್ಲಿ ಕೂರುತ್ತೇನೆ. ಬಸುರಿಯರ ಅಮ್ಮಂದಿರು ಇರುತ್ತಾರೆ, ಅತ್ತೆಯಂದಿರು ಇರುತ್ತಾರೆ. ಅವರಲ್ಲಿ ಯಾರಾದರೂ ಒಬ್ಬರು ನನ್ನ ಕಡೆ ತಿರುಗಿ, ನೀವು ಯಾರ ಕಡೆಯವರಮ್ಮ ಅಂತ ಕೇಳಿಯೇ ಕೇಳುತ್ತಾರೆ.

ನೀಲಮ್ಮ ಸಿಸ್ಟರ್ ಕಡೆಯವಳು ಅಂತ ಹೇಳುತ್ತೇನೆ.

ನಿಮ್ಮ ತಂಗಿ,
ಭಾಗ್ಯ